ಬಾಯಾರ ಜಡೆ, ಜಾ ದೇವರ ಪುರಾಣ

ಕಳೆದ ತಿಂಗಳು ನಮ್ಮ ಬಾಯಾರು ನಿವೃತ್ತರಾದರು. ಬೀಳ್ಕೊಡುವ ಸಮಾರಂಭದಲ್ಲಿ ಏಳು ಮಂದಿ ಮಾತಾಡಿದೆವು. ಏಳೂ ಮಂದಿ ಶಿಸ್ತು ಎಂದೆವು, ಸಮಯಪಾಲನೆ ಎಂದೆವು, ಮಾತೃಹೃದಯ ಎಂದೆವು. ಸಮಯಪಾಲನೆಯಂತೆ, ಮಣ್ಣು! ಇಪ್ಪತ್ತೆರಡು ವರ್ಷ ಅವರ ಪಕ್ಕದ ಕುರ್ಚಿಯಲ್ಲಿ ಕುಳಿತವಳು ನಾನು. ಪ್ರಾರ್ಥನೆ ಮುಗಿದು ಹಾಜರಿ ಕೂಗುವ ಹೊತ್ತಿಗೆ ಗೇಟಿನಲ್ಲಿ ಅವರ ಚಪ್ಪಲಿಯ ಸಪ್ಪಳ ಕೇಳುತ್ತಿತ್ತು. ಅವರ ತಲೆಯ ಸುದ್ದಿಯನ್ನಂತೂ ಯಾರೂ ತೆಗೆಯಲಿಲ್ಲ. ನಾನಾದರೂ ಹೇಳಬೇಕೆಂದು ಎದ್ದವಳು ಮೈಕಿನ ಮುಂದೆ ನಿಂತ ಕೂಡಲೇ ನಾನೂ ಶಿಸ್ತು ಎಂದು ಹೇಳಿ ಕುಳಿತುಬಿಟ್ಟೆ. ಆ ಸಿಟ್ಟು ನನ್ನ ಮೇಲೆ ನನಗೇ ಇದೆ, ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮದು ಬೆಟಗೇರಿಯ ಒಂದು ಹುಡುಗಿಯರ ಹೈಸ್ಕೂಲು. ನಾನು ಹಿಂದಿ, ಅವರು ಸಮಾಜ ವಿಜ್ಞಾನ. ನಮ್ಮ ಕಡೆ ಕಲಿಸುವ ಹೆಂಗಸರಿಗೆ ಬಾಯಾರು ಎನ್ನುತ್ತಾರೆ, ಹಾಗೆ ನೋಡಿದರೆ ನಾನೂ ಬಾಯಾರೇ. ಆದರೆ ಊರಿನಲ್ಲಿ ಬರೀ 'ಬಾಯಾರು' ಎಂದರೆ ಅವರೊಬ್ಬರೇ. ಹೆಸರು ಬರೆಯುವುದಿಲ್ಲ. ಬರೆದರೆ ನಾಳೆಯೇ ನಮ್ಮ ಮನೆಗೆ ಬಂದು, ಚಹಾ ಕುಡಿದು, ಆಮೇಲೆ ಬೈಯುತ್ತಾರೆ.

ಕುಳ್ಳಗೆ, ಗಟ್ಟಿ ಧ್ವನಿ, ನಕ್ಕರೆ ಪಕ್ಕದ ವರ್ಗಕ್ಕೂ ಕೇಳಬೇಕು. ಹುಟ್ಟೂರು ಲಕ್ಷ್ಮೇಶ್ವರ. ಮದುವೆ ಮಾಡಿಕೊಂಡಿರಲಿಲ್ಲ, ಯಾಕೆ ಎಂದು ಕೇಳಿದವರಿಗೆ ಒಬ್ಬೊಬ್ಬರಿಗೆ ಒಂದೊಂದು ಕಾರಣ ಹೇಳುತ್ತಿದ್ದರು. ನನಗೇ ಮೂರು ಕಾರಣ ಹೇಳಿದ್ದಾರೆ, ಮೂರನ್ನೂ ನಾನು ನಂಬಿದ್ದೇನೆ. ಮನೆಯಲ್ಲಿ ಅವರು ಮತ್ತು ಅವರ ತಾಯಿ ಇಬ್ಬರೇ. ತಾಯಿಯನ್ನು ಓಣಿಯೆಲ್ಲ ಆಯಿ ಎಂದೇ ಕರೆಯುತ್ತಿತ್ತು.

ಇನ್ನು ತಲೆ. ನಮ್ಮ ಶಾಲೆಗೆ ಬರುವ ಮೊದಲು ಡಂಬಳದಲ್ಲಿ ಕೆಲಸಕ್ಕಿದ್ದಾಗ ಅವರಿಗೆ ಟೈಫಾಯಿಡ್ ಆಗಿ ನಲವತ್ತು ದಿನ ಹಾಸಿಗೆ ಹಿಡಿದಿದ್ದರು. ತಲೆಗೆ ಹಣಿಗೆ ಮುಟ್ಟಿಸುವಂತಿರಲಿಲ್ಲ. ಎದ್ದು ಕೂತಾಗ ಹಿಂದಲೆಯ ಕೂದಲೆಲ್ಲ ಹೆಣೆದುಕೊಂಡು ಗಟ್ಟಿ ಜಡೆಯಾಗಿತ್ತು. ಹೆಣ್ಣಿನ ತಲೆಯಲ್ಲಿ ಹೀಗೆ ತಾನಾಗಿ ಜಡೆಗಟ್ಟಿತೆಂದರೆ ನಮ್ಮ ಸೀಮೆಯಲ್ಲಿ ಅದು ಎಲ್ಲಮ್ಮನ ಕರೆ. ಅದಕ್ಕೆ ಕತ್ತರಿ ಹಚ್ಚಬಾರದು, ಹಚ್ಚಿದರೆ ಆ ಮನೆಯಲ್ಲಿ ಒಂದು ಹೆಣ ಬೀಳುತ್ತದೆ ಎಂದು ನಂಬಿಕೆ. ಬಾಯಾರಿಗೆ ಈ ನಂಬಿಕೆ ಇರಲಿಲ್ಲ, ಆಯಿಗೆ ಇತ್ತು. "ಮನ್ಯಾಗ ಇರಾವರು ನಾವಿಬ್ಬರು. ಕತ್ತರಿ ಹಚ್ಚಿದ್ರ ಯಾರ ಪಾಳಿ ಅಂತ ಬ್ಯಾರೆ ಹೇಳಬೇಕೇನು?" ಎಂದು ಆಯಿ ಕೇಳಿದ್ದಳಂತೆ. ತಾಯಿಯನ್ನು ಹೆದರಿಸಿ ಬದುಕುವುದಕ್ಕಿಂತ ತಲೆ ಭಾರ ಹೊತ್ತು ಬದುಕುವುದೇ ಸುಲಭ ಎಂದು ಬಾಯಾರು ಜಡೆ ಇಟ್ಟುಕೊಂಡರು.

ಇಟ್ಟುಕೊಂಡದ್ದೇ ತಡ, ಓಣಿಯ ಮಂದಿ ಅವರನ್ನು ದೇವರಮನೆಗೆ ಸೇರಿಸಲು ನೋಡಿದರು. ಮಂಗಳವಾರ, ಶುಕ್ರವಾರ ಬೆಳಿಗ್ಗೆ ಬಾಗಿಲಿನಲ್ಲಿ ಹೆಂಗಸರು ಕಾಯಿ, ಅರಿಷಿಣ, ಕುಂಕುಮ ಹಿಡಿದು ನಿಲ್ಲುವರು. ಒಬ್ಬಳಿಗೆ ಮಗನ ನೌಕರಿ ಆಗುತ್ತದೋ ಇಲ್ಲವೋ ತಿಳಿಯಬೇಕು. ಇನ್ನೊಬ್ಬಳ ಎಮ್ಮೆ ಕಳೆದಿದೆ. ಬಾಯಾರು ಒಂಬತ್ತನೆಯ ವರ್ಗಕ್ಕೆ ಕೈಗಾರಿಕಾ ಕ್ರಾಂತಿ ಹೇಳಿಕೊಡುವ ಆತುರದಲ್ಲಿ ಸೆರಗು ಸಿಕ್ಕಿಸಿ ಹೊರಟರೆ, ಈ ಮಂದಿ ಕಾಲಿಗೆ ಬೀಳುತ್ತಿದ್ದರು. ಅವರು ತಡವಾಗಿ ಬರುತ್ತಿದ್ದುದಕ್ಕೆ ಇದೇ ಕಾರಣ ಎಂದು ಹೆಡ್ ಮಾಸ್ತರರಿಗೆ ಹೇಳುತ್ತಿದ್ದರು. ಅರ್ಧ ಸುಳ್ಳು.

ಹೀಗೆ ಬಹಳ ವರ್ಷ ನಡೆಯಿತು. ಒಂದು ದಿನ ಹುಡುಗಿಯೊಬ್ಬಳು ಶಾಲೆಗೆ ಕದ್ದು ಮೊಬೈಲು ತಂದಿದ್ದಳು. ಬಾಯಾರು ಕಸಿದುಕೊಂಡು ನೋಡಿದರೆ, ಅದರಲ್ಲಿ ಯಾರೋ ಜಮೈಕಾದ ಹಾಡುಗಾರನ ಚಿತ್ರ. ಅವನ ತಲೆಯ ಮೇಲೆ ಥೇಟು ಬಾಯಾರ ಜಡೆ, ಒಂದಲ್ಲ, ಐವತ್ತು. ಕೆಳಗೆ ಹುಡುಗಿ 'ನಮ್ಮ ಬಾಯಾರ ಅಣ್ಣ' ಎಂದು ಬರೆದು ಗೆಳತಿಯರಿಗೆಲ್ಲ ಕಳಿಸಿದ್ದಳು. ಹುಡುಗಿಗೆ ಶಿಕ್ಷೆ ಆಗಲಿಲ್ಲ. ಬಾಯಾರು ಮೊಬೈಲನ್ನು ನನ್ನ ಕಡೆ ತಿರುಗಿಸಿ, ಇವನು ಯಾವ ಎಲ್ಲಮ್ಮನ ಗುಡ್ಡಕ್ಕೆ ನಡೆದುಕೊಳ್ಳುತ್ತಾನೆ ಕೇಳಬೇಕಲ್ಲ ಎಂದರು.

ಆ ಬೇಸಿಗೆ ರಜೆಯೆಲ್ಲ ಅವರು ಅದನ್ನೇ ಕೇಳಿದರು. ಇಂಟರ್ನೆಟ್ಟಿನಲ್ಲಿ ಸಿಕ್ಕಿದ್ದನ್ನೆಲ್ಲ ಗದಗಿನ ಟಾಂಗಾ ಕೂಟದ ಹತ್ತಿರದ ಝರಾಕ್ಸ್ ಅಂಗಡಿಯಲ್ಲಿ ಛಾಪಿಸಿ, ಸುರುಳಿ ತಂತಿ ಹಾಕಿಸಿ, ಡಿಕ್ಷನರಿ ಇಟ್ಟುಕೊಂಡು ಓದಿದರು. ಅಂಗಡಿಯವನು ಏನಿದು ಎಂದು ಕೇಳಿದ್ದಕ್ಕೆ ಪುರಾಣ ಎಂದರಂತೆ. ಜೂನಿನಲ್ಲಿ ಶಾಲೆ ಶುರುವಾದಾಗ ಗದಗ ಜಿಲ್ಲೆಯಲ್ಲಿ ರಾಸ್ತಾಫರಿ ಧರ್ಮ ಬಲ್ಲವರು ಒಬ್ಬರಿದ್ದರು, ನನ್ನ ಪಕ್ಕದ ಕುರ್ಚಿಯಲ್ಲೇ.

ನನಗೆ ತಿಳಿದಷ್ಟು ಹೇಳುತ್ತೇನೆ, ತಪ್ಪಿದ್ದರೆ ಬಾಯಾರನ್ನು ಕೇಳಿ. ಜಮೈಕಾ ಒಂದು ನಡುಗಡ್ಡೆ. ಆಫ್ರಿಕಾದಿಂದ ಹಿಡಿದು ತಂದು ಗುಲಾಮರಾಗಿ ದುಡಿಸಿದವರ ಮಕ್ಕಳು ಮೊಮ್ಮಕ್ಕಳು ಅಲ್ಲಿದ್ದಾರೆ. ಒಡೆಯರು ಕೊಟ್ಟ ಬೈಬಲ್ಲನ್ನೇ ಅವರೂ ಓದಿದರು, ಆದರೆ ಒಡೆಯರು ಹೇಳಿಕೊಟ್ಟ ಹಾಗೆ ಓದಲಿಲ್ಲ. ಬ್ಯಾಬಿಲೋನಿಗೆ ಸೆರೆಯಾಗಿ ಹೋದ ಜನ ನಾವೇ ಎಂದರು. ನಮ್ಮನ್ನು ತುಳಿಯುವ ಸರ್ಕಾರ, ಪೊಲೀಸು, ಕಚೇರಿ ಎಲ್ಲವೂ ಬ್ಯಾಬಿಲೋನು, ನಾವು ಮರಳಿ ಹೋಗಬೇಕಾದ ಪುಣ್ಯನೆಲ ಝಯಾನ್ ಎಂದರೆ ಇಥಿಯೋಪಿಯಾ ಎಂದರು. ಅಲ್ಲಿ ಒಬ್ಬ ಚಕ್ರವರ್ತಿ ಪಟ್ಟಕ್ಕೆ ಬಂದಾಗ, ಬರುತ್ತಾನೆಂದು ಪುಸ್ತಕದಲ್ಲಿ ಹೇಳಿದ ದೊರೆ ಇವನೇ ಎಂದು ಕೈ ಮುಗಿದರು. ಪಟ್ಟಕ್ಕೆ ಮುಂಚೆ ಅವನಿಗಿದ್ದ ಹೆಸರೇ ಧರ್ಮದ ಹೆಸರಾಯಿತು. ದೇವರನ್ನು ಅವರು ಜಾ ಎಂದು ಕರೆಯುತ್ತಾರೆ. ತಮಾಷೆ ಏನೆಂದರೆ, ಆ ಚಕ್ರವರ್ತಿ ತಾನು ದೇವರೆಂದು ಒಮ್ಮೆಯೂ ಹೇಳಲಿಲ್ಲ, ತಾನೇ ಚರ್ಚಿಗೆ ಹೋಗಿ ಮೊಣಕಾಲೂರುತ್ತಿದ್ದ. ಭಕ್ತರು ಕೇಳಬೇಕಲ್ಲ. ಇದನ್ನು ಹೇಳುವಾಗಲೆಲ್ಲ ಬಾಯಾರು, "ಪಾಪ, ನನ್ನಂಥಾವ" ಎನ್ನುತ್ತಿದ್ದರು.

ಜಡೆಯ ವಿಷಯವೂ ಪುಸ್ತಕದ್ದೇ. ವ್ರತ ಹಿಡಿದವನ ತಲೆಗೆ ಕ್ಷೌರದ ಕತ್ತಿ ಮುಟ್ಟಬಾರದೆಂದು ಬೈಬಲ್ಲಿನಲ್ಲಿ ಇದೆಯಂತೆ. ಆದರೆ ಆ ವ್ರತವನ್ನು ಯಾರೂ ಹೇರುವಂತಿಲ್ಲ, ತಾನಾಗಿ ಹಿಡಿಯಬೇಕು. ಈ ಮಾತಿನ ಕೆಳಗೆ ಬಾಯಾರು ಕೆಂಪು ಪೆನ್ನಿನಿಂದ ಎರಡು ಗೆರೆ ಎಳೆದಿದ್ದರು.

ಮುಂದಿನ ಶುಕ್ರವಾರ ಬಾಗಿಲಿನಲ್ಲಿ ಕಾಯಿ ಹಿಡಿದು ನಿಂತವಳಿಗೆ ಅವರು ಹೇಳಿದರು, ಅವ್ವಾ, ಇದು ಎಲ್ಲಮ್ಮನ ಜಡೆ ಅಲ್ಲ, ನಾನು ಜಾ ದೇವರ ವ್ರತ ಹಿಡಿದಿದ್ದೇನೆ, ಶುಕ್ರವಾರ ಬರಬೇಡ. ಆಕೆ ಸ್ವಲ್ಪ ಯೋಚನೆ ಮಾಡಿ ಕೇಳಿದಳು, "ಹಂಗಾರ ಆ ದೇವರಿಗೆ ಯಾವ ವಾರ್ರಿ?" ಬಾಯಾರು ಪುರಾಣ ಬಲ್ಲವರು, ಸುಳ್ಳು ಹೇಳಲಾಗಲಿಲ್ಲ, ಶನಿವಾರ ಎಂದರು. ಶನಿವಾರ ಆಕೆ ಅದೇ ಕಾಯಿ ಹಿಡಿದು ಬಂದಳು, ಜೊತೆಗೆ ಇನ್ನೂ ನಾಲ್ವರು.

ಸೋಲುವ ಪೈಕಿ ಅಲ್ಲ ಅವರು. ಜಾ ದೇವರಿಗೆ ಕಾಯಿ ಬೇಡ, ಕುಂಕುಮ ಬೇಡ, ಆತ ಯಾರ ಎಮ್ಮೆಯನ್ನೂ ಹುಡುಕುವುದಿಲ್ಲ ಎಂದು ಅಲ್ಲಿಯೇ ಸಾರಿದರು. ಅವನ ಪೂಜೆ ಅಂದರೆ ಸುತ್ತ ಕೂತು ವಾದ ಮಾಡುವುದು. ದೊಡ್ಡವರು ಸಣ್ಣವರು ಇಲ್ಲ, ಎಲ್ಲರೂ ಮಾತಾಡಬೇಕು, ಪುಸ್ತಕದಲ್ಲಿ ಅರ್ಧ ಇದೆ, ಉಳಿದ ಅರ್ಧ ನಿಮ್ಮಲ್ಲಿದೆ, ಹೇಳಿ. ಜಮೈಕಾದಲ್ಲಿ ಖರೇ ಹಾಗೆಯೇ ಕೂರುತ್ತಾರಂತೆ. ನಮ್ಮ ಹೆಂಗಸರಿಗೆ ಇದನ್ನು ಕಲಿಸಬೇಕೇ? ಶನಿವಾರ ಶಾಲೆ ಮಧ್ಯಾಹ್ನಕ್ಕೆ ಬಿಡುತ್ತದೆ, ಸಂಜೆ ಬಾಯಾರ ಕಟ್ಟೆಯ ಮೇಲೆ ಗಿರ್ಮಿಟ್ಟು, ಮಿರ್ಚಿ, ಚಹಾ ಮತ್ತು ಧರ್ಮಚರ್ಚೆ. ಬ್ಯಾಬಿಲೋನ್ ಯಾರು ಎಂಬ ಪ್ರಶ್ನೆಗೆ ಮೊದಲ ವಾರವೇ ಅತ್ತೆ ಎಂಬ ಉತ್ತರ ಬಹುಮತದಿಂದ ಪಾಸಾಯಿತು. ಅತ್ತೆಯರು ಎದ್ದು ಹೋದರು, ಮುಂದಿನ ವಾರ ಮತ್ತೆ ಬಂದರು.

ಶಾಲೆಯಲ್ಲೂ ಈ ಧರ್ಮ ಹಬ್ಬಿತು. ಮೇಲಿನ ಕಚೇರಿಗೆ ಬಾಯಾರು ಬ್ಯಾಬಿಲೋನ್ ಎಂದು ಹೆಸರಿಟ್ಟರು. ಒಂದು ದಿನ ಪ್ರಾರ್ಥನೆಯಲ್ಲಿ ಹೆಡ್ ಮಾಸ್ತರರೇ ಬಾಯಿ ತಪ್ಪಿ, ಬ್ಯಾಬಿಲೋನಿನಿಂದ ಸುತ್ತೋಲೆ ಬಂದಿದೆ ಎಂದುಬಿಟ್ಟರು. ಇನ್ನೊಂದು ಸಲ ಬಾಯಾರ ರಜೆ ಅರ್ಜಿಯಲ್ಲಿ 'ನಾನು ಮತ್ತು ನಾನು ಎರಡು ದಿನ ಊರಿಗೆ ಹೋಗುವುದರಿಂದ' ಎಂದಿತ್ತು. ಆ ಧರ್ಮದಲ್ಲಿ ನಾನು ನೀನು ಎನ್ನುವುದಿಲ್ಲ, ಎಲ್ಲರ ಒಳಗೂ ಒಬ್ಬನೇ ಜಾ ಇರುವುದರಿಂದ ನಾನು ಮತ್ತು ನಾನು ಎನ್ನುತ್ತಾರೆ. ರಜೆ ಒಬ್ಬರಿಗೋ ಇಬ್ಬರಿಗೋ ಎಂದು ಹೆಡ್ ಮಾಸ್ತರರು ಕೇಳಿದ್ದಕ್ಕೆ, "ಇನ್ನೊಬ್ಬರು ನೀವಽರಿ, ಮಂಜೂರ ಮಾಡ್ರಿ" ಎಂದರು. ಆ ಮಾತಿಗೆ ಪಾಪದ ಮನುಷ್ಯ ಸಹಿ ಹಾಕಿದ.

ಗಾಂಜಾದ ಗಲಾಟೆಯೂ ಆಯಿತು. ಆ ಜನ ಗಾಂಜಾವನ್ನು ಪವಿತ್ರವೆಂದು ಸೇದುತ್ತಾರೆ ಎಂದು ಡ್ರಿಲ್ ಮಾಸ್ತರ ಎಲ್ಲೋ ಓದಿ ಬಂದು ಗುಲ್ಲೆಬ್ಬಿಸಿದ. ಹೆಡ್ ಮಾಸ್ತರರು ಬೆವತು ಲಿಖಿತ ಉತ್ತರ ಕೇಳಿದರು. ಬಾಯಾರು ಒಂದೇ ಸಾಲು ಬರೆದುಕೊಟ್ಟರು, ಅವರವರ ಪ್ರಸಾದ ಅವರವರಿಗೆ, ನನ್ನ ಪ್ರಸಾದ ಚಹಾ, ಅದನ್ನು ಶಾಲೆಯಲ್ಲಿ ನೀರು ಮಾಡಿ ಕೊಡುತ್ತೀರಿ. ಮರುದಿನದಿಂದ ಚಹಾ ಸುಧಾರಿಸಿತು.

ಮನೆಯಲ್ಲಿ ಮಾತ್ರ ಒಂದು ತತ್ವ ನಡೆಯಲಿಲ್ಲ. ಆ ಧರ್ಮದ ನಿಷ್ಠರು ಮಾಂಸ ತಿನ್ನುವುದಿಲ್ಲ, ಅಡಿಗೆಗೆ ಉಪ್ಪನ್ನೂ ಹಾಕುವುದಿಲ್ಲ. ಆಯಿಯ ಎದೆ ದುರ್ಬಲ, ಡಾಕ್ಟರೂ ಉಪ್ಪು ಬಿಡಿ ಎಂದಿದ್ದರು. ಎರಡನ್ನೂ ಸೇರಿಸಿ ಬಾಯಾರು ಒಂದು ವಾರ ಉಪ್ಪಿಲ್ಲದ ಸಾರು ಮಾಡಿದರು. ಏಳನೆಯ ದಿನ ಆಯಿ ತಾಟು ದೂಡಿ, ಆ ಚಕ್ರವರ್ತಿಗೆ ಹೇಳು, ದೇವರಾಗಲಿ ಏನೇ ಆಗಲಿ, ನಮ್ಮ ಮನೆಯ ಸಾರಿನ ಸುದ್ದಿಗೆ ಬರಬಾರದು ಎಂದಳು. ಅವಳಿಗೆ ಆ ಪುರಾಣದಲ್ಲಿ ಇಷ್ಟವಾದದ್ದು ಒಂದೇ. ಚಕ್ರವರ್ತಿ ಸತ್ತನೆಂದು ರೇಡಿಯೋದಲ್ಲಿ ಬಂದಾಗ ಭಕ್ತರು ನಂಬಲೇ ಇಲ್ಲವಂತೆ. ಅವರು ಸಾವಿನ ಮಾತು ಆಡುವುದಿಲ್ಲ, ಹೆಣದ ಮುಂದೆಯೂ ಹೋಗುವುದಿಲ್ಲ. ಇದು ಚಲೋ ಧರ್ಮ ಎಂದಳು ಆಯಿ.

ತೊಟ್ಟಿಲ ಸಂಗತಿ ಹೇಳದಿದ್ದರೆ ಓಣಿಯವರು ನನ್ನನ್ನು ಬಿಡುವುದಿಲ್ಲ. ನಮ್ಮ ಕಡೆ ಶ್ರಾವಣ ಮಾಸದಲ್ಲಿ ಗುಡಿಯಲ್ಲಿ ಪುರಾಣ ಹಚ್ಚುತ್ತಾರೆ. ಕಥೆಯಲ್ಲಿ ಶರಣನೋ ಮಹಾತ್ಮನೋ ಹುಟ್ಟುವ ಅಧ್ಯಾಯ ಬಂದ ದಿನ ಖರೇನ ಒಂದು ತೊಟ್ಟಿಲು ತಂದು, ಹೂ ಕಟ್ಟಿ, ಜೋಗುಳ ಹಾಡಿ, ಸಕ್ಕರೆ ಹಂಚುತ್ತಾರೆ. ಒಂದು ವರ್ಷ ಪುರಾಣಿಕರಿಗೆ ಜ್ವರ ಬಂದು ನಾಲ್ಕು ದಿನ ಪುರಾಣ ನಿಂತಿತು. ಹೆಂಗಸರು ಬಾಯಾರ ಕಟ್ಟೆಗೆ ಬಂದು, ನಿಮ್ಮದನ್ನೇ ಹಚ್ಚಿ, ಶ್ರಾವಣ ಬರಿದೇ ಹೋಗಬಾರದು ಎಂದರು. ಬಾಯಾರು ಸುರುಳಿ ತಂತಿಯ ಪುಸ್ತಕ ಬಿಚ್ಚಿದರು. ಇಥಿಯೋಪಿಯಾದ ರಾಜವಂಶದ ಕಥೆ. ದಕ್ಷಿಣ ದೇಶದ ರಾಣಿ ಒಂಟೆಗಳ ಮೇಲೆ ಚಿನ್ನ ಹೇರಿಕೊಂಡು ಜೆರುಸಲೇಮಿನ ಜಾಣ ರಾಜನನ್ನು ನೋಡಲು ಹೋಗುತ್ತಾಳೆ. ಅವನ ಮನೆಯ ಯಾವ ವಸ್ತುವನ್ನೂ ಕೇಳದೆ ಮುಟ್ಟುವುದಿಲ್ಲ ಎಂದು ಮಾತು ಕೊಡುತ್ತಾಳೆ. ರಾಜ ಬೇಕಂತಲೇ ಖಾರದ ಊಟ ಹಾಕಿಸುತ್ತಾನೆ. ನೀರಡಿಸಿ ಅವಳು ಒಂದು ಲೋಟ ನೀರು ಕುಡಿದ ಕೂಡಲೇ, ಮಾತು ಮುರಿದೆ ಎಂದು ಹಿಡಿದುಕೊಳ್ಳುತ್ತಾನೆ. ಇಲ್ಲಿಗೆ ಬಂದಾಗ ಹೆಂಗಸರು ಸಿಟ್ಟಿಗೆದ್ದರು. ನೀರು ಕುಡಿಯುವುದೂ ಕಳವೇನು ಎಂದು ಒಬ್ಬಳು, ಅವನೆಂಥ ಜಾಣ, ಹಲ್ಕಾ ಎಂದು ಇನ್ನೊಬ್ಬಳು. ಆ ದಿನ ಪುರಾಣ ಅಲ್ಲಿಗೇ ನಿಂತಿತು.

ಮರುದಿನ ರಾಣಿ ಗರ್ಭಿಣಿಯಾಗಿ ತನ್ನ ದೇಶಕ್ಕೆ ಮರಳಿ ಮಗನನ್ನು ಹೆರಬೇಕು. ಬಾಯಾರು ಪುಟ ತಿರುಗಿಸುವಷ್ಟರಲ್ಲಿ ಓಣಿಯ ಆ ತುದಿಯಿಂದ ಮಗ್ಗದವರ ಮನೆಯ ತೊಟ್ಟಿಲು ಬಂತು, ಚೆಂಡು ಹೂವಿನ ಹಾರ ಬಂತು. ರಾಣಿಗೆ ಉಡಿ ತುಂಬಲು ಒಂದು ಇಳಕಲ್ ಸೀರೆಯನ್ನೂ ತಂದಿದ್ದರು. ತೊಟ್ಟಿಲಲ್ಲಿ ಕೂಸಿನ ಬದಲು ಒಳಕಲ್ಲಿನ ಗುಂಡು ಮಲಗಿಸಿ ಆಫ್ರಿಕಾದ ರಾಜಕುಮಾರನಿಗೆ ಜೋಗುಳ ಹಾಡಿದರು. ಅಪ್ಪನ ಮುಖ ನೋಡದ ಕೂಸು ಎಂದು ಆಯಿ ಕಣ್ಣೊರೆಸಿಕೊಂಡಳು. ಸೀರೆ ಯಾರಿಗೆ ಕೊಡಬೇಕು ಎಂಬ ಪ್ರಶ್ನೆ ಬಂದಾಗ, ರಾಣಿಯ ಊರು ದೂರ, ಪುರಾಣ ಹೇಳಿದವರಿಗೇ ಸಲ್ಲಬೇಕು ಎಂದು ತೀರ್ಮಾನವಾಯಿತು. ಬಾಯಾರು ಅದನ್ನು ಉಟ್ಟುಕೊಂಡು ಸೋಮವಾರ ಶಾಲೆಗೆ ಬಂದರು, ತಡವಾಗಿ.

ಇಷ್ಟೆಲ್ಲ ನಗುವಿನ ಮಾತು. ನಗು ನಿಂತದ್ದು ಹೋದ ವರ್ಷದ ಜೂನಿನಲ್ಲಿ.

ಹತ್ತನೆಯ ವರ್ಗಕ್ಕೆ ಬಂದ ಹುಡುಗಿಯೊಬ್ಬಳು ಶಾಲೆ ಶುರುವಾಗಿ ಹತ್ತು ದಿನವಾದರೂ ಬರಲಿಲ್ಲ. ಅಪ್ಪ ಆಟೋ ಓಡಿಸುತ್ತಾನೆ, ಅವ್ವ ಮನೆಯಲ್ಲಿ ಕುಪ್ಪಸ ಹೊಲಿಯುತ್ತಾಳೆ, ಮೂಲತಃ ಅಸುಂಡಿಯವರು. ಬೇಸಿಗೆಯಲ್ಲಿ ಹುಡುಗಿಯ ತಲೆಯಲ್ಲಿ ಜಡೆಗಟ್ಟಿತ್ತು. ಇನ್ನು ಶಾಲೆ ಸಾಕು, ಮಂಗಳವಾರ ಶುಕ್ರವಾರ ಬುಟ್ಟಿ ಹಿಡಿದು ಐದು ಮನೆ ಜೋಗ ಬೇಡಲಿ, ಎಲ್ಲಮ್ಮನ ಸೇವೆ ಮಾಡಿಕೊಂಡಿರಲಿ ಎಂದು ಅಜ್ಜಿ ಹಟ ಹಿಡಿದಿದ್ದಳು. ಹನ್ನೊಂದನೆಯ ದಿನ ಹುಡುಗಿ ಪುಸ್ತಕ ಮರಳಿಸಲು ಶಾಲೆಗೆ ಬಂದಳು. ಬಾಯಾರು ಅವಳನ್ನು ನೀರಿನ ಟಾಕಿಯ ಹತ್ತಿರ ಕರೆದುಕೊಂಡು ಹೋಗಿ, ಜಡೆ ಇದ್ದರೇನಂತೆ, ನನ್ನ ಹಾಗೆ ಇಟ್ಟುಕೊಂಡೇ ಬಾ, ಜಾ ದೇವರ ವ್ರತ ಅನ್ನು ಎಂದು ಎಂದಿನ ಧಾಟಿಯಲ್ಲಿ ಶುರು ಮಾಡಿದರು. ಹುಡುಗಿ ನಗಲಿಲ್ಲ.

"ನನಗ ಇದು ಬ್ಯಾಡ್ರಿ ಬಾಯಾರ. ಎಲ್ಲಾರಂಗ ಎರಡ ಹೆ‍ಳಲ ಹಾಕ್ಕೊಂಡು ರಿಬ್ಬನ್ ಕಟ್ಟಬೇಕ್ರಿ ನನಗ. ಮನ್ಯಾಗ ಹೇಳಿದ್ರ, ಓದಿದ ಬಾಯಾರ ತಲಿಮ್ಯಾಲನ ಐತಿ, ನಿಂದೇನ ದೊಡ್ಡದು ಅಂತಾರ್ರಿ."

ಬಾಯಾರು ಮೂರನೆಯ ಪಿರಿಯಡ್ಡಿಗೆ ವರ್ಗಕ್ಕೆ ಹೋಗದೆ, ನನ್ನ ಪಕ್ಕದ ಕುರ್ಚಿಗೆ ಬಂದು ಹುಡುಗಿ ಹೇಳಿದ್ದನ್ನು ಹಾಗೆಯೇ ಒಪ್ಪಿಸಿದರು. ಇಪ್ಪತ್ತೆರಡು ವರ್ಷದಲ್ಲಿ ನಾನು ನೋಡದ ಮುಖ ಅದು. ತಾವು ತಮಾಷೆ ಮಾಡುತ್ತ ಹೊತ್ತು ತಿರುಗಿದ ಜಡೆ ಇನ್ನೊಂದು ಮನೆಯಲ್ಲಿ ಸಾಕ್ಷಿಯಾಗಿ ಕುಳಿತಿದೆ ಎಂದು ಅವರಿಗೆ ಅಂದೇ ತಿಳಿದದ್ದು. ಶಾಲೆ ಬಿಟ್ಟ ಮೇಲೆ ನನ್ನನ್ನು ಎಳೆದುಕೊಂಡು ಹುಡುಗಿಯ ಮನೆಗೆ ಹೊರಟರು.

ಅಪ್ಪ ಒಳ್ಳೆಯವನೇ. ಮಗಳು ಓದಲೆಂಬ ಆಸೆಯೂ ಇತ್ತು, ಆದರೆ ಹೆದರಿದ್ದ. ಕತ್ತರಿ ಹಚ್ಚಿದರೆ ಮನೆಯಲ್ಲಿ ಹೆಣ ಬೀಳುತ್ತದೆ ಎಂದು ಅಜ್ಜಿ ಹೇಳಿದ್ದು ಅವನ ತಲೆಯಲ್ಲಿ ಕೂತುಬಿಟ್ಟಿತ್ತು. ಅಜ್ಜಿ ಬಾಯಾರ ತಲೆಯ ಕಡೆ ಕೈ ತೋರಿಸಿ, ನೀವೇ ಇಟ್ಟುಕೊಂಡಿಲ್ಲವೇ ಎಂದಳು. ಬಾಯಾರು ಹೊಲಿಗೆ ಮಷೀನಿನ ಮೇಲಿದ್ದ ಕತ್ತರಿ ತೆಗೆದು ನನ್ನ ಕೈಗೆ ಕೊಟ್ಟು, ನನಗೆ ಬೆನ್ನು ಮಾಡಿ ನೆಲದ ಮೇಲೆ ಕೂತರು.

"ನಮ್ಮನ್ಯಾಗ ನಮ್ಮವ್ವ ಅದಾಳ. ಎಂಬತ್ಮೂರು ವರ್ಷ, ಎದಿ ಸರಿ ಇಲ್ಲ. ಹೆಣ ಬೀಳೂದಿದ್ರ ಮೊದಲ ನಮ್ಮನ್ಯಾಗ ಬೀಳಲಿ. ನಿಮ್ಮ ಮಗಳು ಹತ್ತನೇತ್ತಾ ಪರೀಕ್ಷಾ ಮುಗಿಸೂತನಕ ನಮ್ಮವ್ವ ಜೀವಂತ ಇದ್ಲು ಅಂದ್ರ, ಮರುದಿನ ಇಕಿ ತಲಿಗೆ ಕತ್ತರಿ ಹಚ್ಚಬೇಕು. ಅಲ್ಲಿತನಕ ಇಕಿ ಸಾಲಿಗೆ ಬರಬೇಕು."

ಅಪ್ಪ ಬೆರಗಾಗಿ ಕೇಳಿದ, "ಆಯಿನ್ನ ಕೇಳೀರೇನ್ರಿ?"

"ಮನಿಗೆ ಹೋಗಿ ಕೇಳತೀನಿ."

ವಿಜ್ಞಾನ ಮೇಳದಲ್ಲಿ ಮೂಢನಂಬಿಕೆಯ ಮೇಲೆ ಭಾಷಣ ಮಾಡುವವಳು ನಾನು. ಆ ದಿನ ಮನಸ್ಸಿನಲ್ಲಿ ಎಲ್ಲಮ್ಮನಿಗೆ ಕೈ ಮುಗಿದೇ ಕತ್ತರಿ ಹಾಕಿದೆ, ಇದನ್ನು ಬಾಯಾರಿಗೆ ಇವತ್ತಿಗೂ ಹೇಳಿಲ್ಲ. ಗಟ್ಟಿ ಜಡೆ, ಒಂದೇ ಸಲಕ್ಕೆ ಕತ್ತರಿಸಲಿಲ್ಲ, ಅರ್ಧ ತಾಸು ಹಿಡಿಯಿತು. ಮುಗಿದಾಗ ಬಾಯಾರು ಕುತ್ತಿಗೆ ಅತ್ತ ಇತ್ತ ತಿರುಗಿಸಿ ನೋಡಿಕೊಂಡು, ಹಗುರಾಯಿತು ಎಂದಷ್ಟೇ ಅಂದರು.

ಮನೆಯಲ್ಲಿ ಆಯಿ ಮಗಳ ತಲೆ ನೋಡಿದಳು. ವಿಷಯವೆಲ್ಲ ಕೇಳಿದಳು. ನಾನು ಬಾಗಿಲ ಹೊರಗೇ ನಿಂತಿದ್ದೆ, ಓಡಲು ಅನುಕೂಲ ಎಂದು. ಆಯಿ ಬೆರಳು ಮಡಚಿ ತಿಂಗಳು ಎಣಿಸಿದಳು.

"ಹತ್ತ ತಿಂಗಳು. ನನ್ನ ಜೀವದ ಮ್ಯಾಲ ಪಂದ್ಯಾ ಕಟ್ಟೂ ಮುಂದ ನನ್ನ ಒಂದ ಮಾತು ಕೇಳಬೇಕಂತ ಅನ್ನಿಸಲಿಲ್ಲೇನ, ಹುಚ್ಚಿ?" ಎಂದಳು. ಮಡಚಿದ ಬೆರಳು ಬಿಡಿಸಿ, "ಆತು. ನಾಳಿಂದ ಸಾರಿಗೆ ಉಪ್ಪು ಹಾಕಬ್ಯಾಡ" ಎಂದಳು.

ಅಂದಿನಿಂದ ಬದುಕಿರುವುದೇ ಆಯಿಯ ಉದ್ಯೋಗವಾಯಿತು. ಮಿರ್ಚಿ ಬಿಟ್ಟಳು, ಮಾಳಿಗೆ ಹತ್ತುವುದು ಬಿಟ್ಟಳು, ಗುಳಿಗೆಗಳನ್ನು ಗಂಟೆ ನೋಡಿ ನುಂಗತೊಡಗಿದಳು. ಯಾರಾದರೂ ಆರೋಗ್ಯ ಕೇಳಿದರೆ, ಸಾವಿನ ಮಾತು ತೆಗೆಯಬೇಡಿ, ನಾನೀಗ ಜಾ ದೇವರ ಮಂದಿ ಎನ್ನುತ್ತಿದ್ದಳು. ಅದರ ಲಾಭವನ್ನೂ ಚೆನ್ನಾಗಿ ಪಡೆದಳು. ತನಗೆ ಬೇಕಾದ ಧಾರಾವಾಹಿ ಹಾಕದಿದ್ದರೆ, ನನಗೇನಾದರೂ ಆದರೆ ಆ ಹುಡುಗಿಯ ಶಾಲೆ ಹೋದೀತು ನೋಡಿ ಎಂದು ಎದೆ ಹಿಡಿದುಕೊಳ್ಳುತ್ತಿದ್ದಳು. ಹುಡುಗಿ ದಿನಾ ಸಂಜೆ ಬಂದು ಮುದುಕಿಯನ್ನು ಒಮ್ಮೆ ನೋಡಿ, ಅಲ್ಲೇ ಕೂತು ಓದಿಕೊಂಡು ಹೋಗುವಳು. ಆಯಿಗೆ ಗಣಿತ ಬಾರದಿದ್ದರೂ ಬೈಯುವುದು ಬರುತ್ತಿತ್ತು, ಆ ಕೆಲಸ ಮಾಡಿದಳು.

ವಾರಕ್ಕೊಮ್ಮೆ, ಸೋಮವಾರ, ಗದಗಿನ ಡಾಕ್ಟರ ಹತ್ತಿರ ಹೋಗಬೇಕು. ಬಾಯಾರಿಗೆ ಶಾಲೆ. ಹುಡುಗಿಯ ಅಪ್ಪನೇ ಆಯಿಯನ್ನು ಆಟೋದಲ್ಲಿ ಕೂಡಿಸಿಕೊಂಡು ಹೋಗಿ, ಸರದಿಯಲ್ಲಿ ಕೂತು, ಒಳಗೆ ಕೈ ಹಿಡಿದು ನಡೆಸಿ, ಮರಳಿ ತರುತ್ತಿದ್ದ. ಮೊದಮೊದಲು ಹೆದರಿಕೆಗೆ ಮಾಡಿದ, ಆಮೇಲೆ ರೂಢಿಗೆ, ಆಮೇಲೆ ಆಯಿ ದಾರಿಯಲ್ಲಿ ಹೇಳುತ್ತಿದ್ದ ರಾಣಿಯ ಕಥೆಗೆ. ಡಾಕ್ಟರು ಆಯಿಯ ಕಾಲಿನ ಬಾವು ಒತ್ತಿ ತೋರಿಸುತ್ತಿದ್ದುದೂ ಎದೆಯ ಚಿತ್ರ ಬೆಳಕಿಗೆ ಹಿಡಿದು ವಿವರಿಸುತ್ತಿದ್ದುದೂ ಅವನಿಗೇ. ಪ್ರತಿ ಸೋಮವಾರ ಅವನು ಬಂದು ಹೇಳುತ್ತಿದ್ದ ಸುದ್ದಿ ಹಿಂದಿನ ಸೋಮವಾರಕ್ಕಿಂತ ಸ್ವಲ್ಪ ಕೆಟ್ಟದ್ದಾಗಿರುತ್ತಿತ್ತು.

ಈ ನಡುವೆ ನಾನು ಬಾಯಾರನ್ನು ಒಮ್ಮೆ ಕೇಳಿದೆ, ಖರೇ ಹೇಳಿ, ಆ ಜಾ ದೇವರನ್ನು ನಂಬುತ್ತೀರೋ, ಇಲ್ಲ ಬರೀ ಚೇಷ್ಟೆಯೋ ಎಂದು. "ಜಡಿ ಇದ್ದಾಗ ನಂಬಿದ್ದಿಲ್ಲ" ಎಂದರು. "ತಾನಾಗಿ ಹಿಡಿಯೂದು ವ್ರತ ಅಂತ ಓದಿದ್ನಲ್ಲ, ಅದು ಕತ್ತರಿ ಹಾಕಿಸ್ಕೊಂಡ ಮ್ಯಾಲ ತಿಳೀತು." ಹೀಗೆ ಹೇಳಿ, ಹೆಚ್ಚು ಗಂಭೀರವಾಯಿತೆಂದು ನಾಚಿಕೊಂಡು, ನನ್ನ ಡಬ್ಬಿಯ ಚಟ್ನಿ ಪೂರ್ತಿ ತಿಂದರು.

ಫೆಬ್ರವರಿಯಲ್ಲಿ, ಪರೀಕ್ಷೆಗೆ ಇನ್ನೂ ಒಂದು ತಿಂಗಳ ಮೇಲಿರುವಾಗ, ಒಂದು ಬೆಳಿಗ್ಗೆ ಚಹಾ ಕುಡಿದು ಬಟ್ಟಲು ಕೆಳಗಿಟ್ಟ ಆಯಿ ಮತ್ತೆ ಏಳಲಿಲ್ಲ.

ನಾನು ಹೋದಾಗ ಪಡಸಾಲೆಯಲ್ಲಿ ಗೋಡೆಗೆ ಆನಿಸಿ ಕೂಡಿಸಿದ್ದರು, ವಿಭೂತಿ ಹಚ್ಚಿ ಹಾರ ಹಾಕಿದ್ದರು. ಬಾಯಾರ ಕಣ್ಣಲ್ಲಿ ಒಂದು ಹನಿ ಇಲ್ಲ. ಹೆಣದ ಮುಂದೆ ಕೂತು ಜಗಳ ತೆಗೆದಿದ್ದರು.

"ಇನ್ನ ಒಂದ ತಿಂಗಳಿತ್ತಲ್ಲಬೇ. ಹತ್ತ ತಿಂಗಳು ಅಂದಿದ್ದಿ. ಒಂದ ತಿಂಗಳು ತಡಕೊಳ್ಳಾಕ ಆಗಲಿಲ್ಲೇನಬೇ ನಿನಗ?"

ಅಂಗಳ ತುಂಬ ಮಂದಿ. ಎಲ್ಲರಿಗೂ ಪಂದ್ಯ ಗೊತ್ತು. ಎಲ್ಲರೂ ಬಾಯಾರ ಗಿಡ್ಡ ಕೂದಲು ನೋಡುತ್ತಿದ್ದಾರೆ. ಪೂರ್ವಸಿದ್ಧತಾ ಪರೀಕ್ಷೆಗೆಂದು ಹೊರಟಿದ್ದ ಹುಡುಗಿ ಯೂನಿಫಾರ್ಮಿನಲ್ಲೇ ಬಂದು, ತನ್ನ ಜಡೆಯನ್ನು ಓಢಣಿಯಲ್ಲಿ ಮುಚ್ಚಿಕೊಂಡು ಕಂಬದ ಹತ್ತಿರ ನಿಂತಿದ್ದಳು. ಅವಳು ಅಳುತ್ತಿದ್ದುದು ಆಯಿಗೋ ತನಗೋ ಹೇಳಲಾರೆ. ಕೊನೆಗೆ ಅವಳ ಅಜ್ಜಿಯೇ ಬಾಯಿ ತೆರೆದಳು, ಕತ್ತರಿ ಹಚ್ಚಬೇಡಿ ಎಂದು ನಾನು ಅಂದೇ ಹೇಳಿದ್ದೆ, ನೋಡಿ ಈಗ ಎಂದಳು.

ಹುಡುಗಿಯ ಅಪ್ಪ ಆಟೋದಿಂದ ಇಳಿದು ಬರುತ್ತಿದ್ದವನು ಅಂಗಳದ ನಡುವೆ ನಿಂತ. ಅವನು ತನ್ನ ತಾಯಿಗೆ ಎದುರಾಡಿದ್ದನ್ನು ನಾವು ಯಾರೂ ನೋಡಿರಲಿಲ್ಲ.

"ಸುಮ್ನಿರಬೇ" ಎಂದ. "ಎಂಬತ್ನಾಕ ವರ್ಷ ಆಗಿತ್ತು ಆಯಿಗೆ. ಎದಿ ಬಾತಿತ್ತು, ಕಾಲಾಗ ನೀರು ತುಂಬಿತ್ತು. ಡಾಕ್ಟರು ನನ್ನ ಕೈಲೆ ಮುಟ್ಟಿಸಿ ತೋರಿಸ್ಯಾರ. ದೀಪಾವಳಿ ದಾಟಂಗಿಲ್ಲ ಅಂದಿದ್ರು, ನಿನ್ನ ಮೊಮ್ಮಗಳ ಸಲುವಾಗಿ ಇಲ್ಲಿತನಕ ಬಂದ್ಲು. ವಯಸ್ಸಾಗಿತ್ತು, ಸತ್ಲು. ಮಣ್ಣಾಗಲಿ, ಮೂರನೇ ದಿನ ಮುಗೀಲಿ. ಆಮ್ಯಾಲ ಇಕಿ ಜಡಿ ನಾನಽ ಕತ್ತರಸ್ತೀನಿ."

ದೀಪಾವಳಿಯ ಮಾತು ಬಾಯಾರಿಗೂ ಗೊತ್ತಿರಲಿಲ್ಲ. ಯಾರಿಗೂ ಹೇಳಬಾರದೆಂದು ಆಯಿ ಅವನಿಂದ ಆಣೆ ತೆಗೆದುಕೊಂಡಿದ್ದಳಂತೆ. ಬಾಯಾರು ತಾಯಿಯ ಮುಖವನ್ನೇ ನೋಡಿದರು. ಆಮೇಲೆ ಆಕೆಯ ಬಾತ ಪಾದಗಳನ್ನು ಎರಡೂ ಕೈಯಲ್ಲಿ ಹಿಡಿದು, ಅಲ್ಲಿಯೇ ಹಣೆಯಿಟ್ಟು, ಓಣಿಗೆಲ್ಲ ಕೇಳುವ ಹಾಗೆ ಅತ್ತರು.